ಗಲ್ಲಕ್ಕೆ ಬಳಿದ ನೀಲಿ

ಮೇಟಗಳ್ಳಿ

ಬ್ಯಾಂಕಾಕಿಗೆ ಹೋಗುತ್ತೇನೆ ಎಂದಾಗ ಮೇಟಗಳ್ಳಿಯ ನಮ್ಮ ಬೀದಿಯ ಗಂಡಸರೆಲ್ಲ ಒಂದೇ ಥರ ನಕ್ಕರು. ಹಾಲಿನ ಬೂತಿನ ಮಾದಪ್ಪ ಮಾತ್ರ ಬಾಯಿಬಿಟ್ಟು ಕೇಳಿದ.

"ಎಪ್ಪತ್ತೊಂದಾಯ್ತಲ್ಲ ಸಿದ್ದರಾಜಣ್ಣ, ಈಗೇನ್ ಮಾಡಕ್ ಓಯ್ತೀರಿ ಅಲ್ಲಿಗೆ?"

"ಚಿತ್ರ ಪ್ರದರ್ಶನ ಕಣಪ್ಪ."

"ಎಲ್ಲಾರೂ ಅದ್ನೇ ನೋಡಕ್ ಓಗದು ಬುಡಿ" ಎಂದ.

ನಾನು ಓದಿದ್ದು ಎಸ್ಸೆಸ್ಸೆಲ್ಸಿ. ಇಂಗ್ಲಿಷಿನಲ್ಲಿ ಎರಡನೇ ಸಲಕ್ಕೆ ಪಾಸಾದೆ. ನಮ್ಮಪ್ಪ ವರುಣದ ಕಡೆ ಹೊಲ ಉಳುತ್ತಿದ್ದರು, ನಾನು ಮೈಸೂರಿಗೆ ಬಂದು ಬೋರ್ಡು ಬರೆಯುವುದನ್ನು ಕಲಿತೆ. ಕೆಸರೆಯಲ್ಲಿ ಒಂದು ಕೋಣೆ ಹಿಡಿದು 'ಸಿದ್ದು ಆರ್ಟ್ಸ್' ಎಂದು ಹೆಸರಿಟ್ಟೆ. ಅಂಗಡಿಯ ಬೋರ್ಡು, ಲಾರಿಯ ಹಿಂದಿನ ಬರಹ ಎಲ್ಲವನ್ನೂ ಬರೆದೆ. ಆದರೆ ಮನೆ ನಡೆಸಿದ್ದು ಬೇರೆ ಕೆಲಸ. ಬೆಳಗಿನ ಆಟಕ್ಕೆ ಹಾಕುತ್ತಿದ್ದ 'ವಯಸ್ಕರಿಗೆ ಮಾತ್ರ' ಸಿನಿಮಾಗಳ ಪೋಸ್ಟರು, ಅಂಗಡಿಯವರು ಬಚ್ಚಿಟ್ಟು ಮಾರುತ್ತಿದ್ದ ಪತ್ರಿಕೆಗಳ ಮುಖಪುಟ. ಮನೆಯಲ್ಲಿ ಇದನ್ನು ಹೇಳಿರಲಿಲ್ಲ. ಹೆಂಡತಿ ಬದುಕಿದ್ದ ತನಕ ನಾನು ದೇವರ ಕ್ಯಾಲೆಂಡರಿನ ಕಲಾವಿದ ಎಂದೇ ನಂಬಿದ್ದಳು.

ಹೆಂಗಸು ಎಂದರೆ ಹೇಗಿರಬೇಕು ಎಂಬುದಕ್ಕೆ ನಮ್ಮ ಕಸುಬಿನಲ್ಲಿ ಒಂದು ಕ್ರಮವಿತ್ತು. ಮೊದಲು ಸೊಂಟದ ಬಾಗು, ಆಮೇಲೆ ತುಟಿ, ಕೊನೆಗೆ ಕೆನ್ನೆಯ ಮೇಲೆ ಬೀಳುವ ಒಂದು ಎಳೆ ಕೂದಲು. ಕಥೆಯಲ್ಲಿ ಟ್ರಾನ್ಸ್ ಹೆಂಗಸು ಬಂದರೆ ಅಷ್ಟನ್ನೂ ಬರೆದು, ಗಲ್ಲದ ಮೇಲೆ ಒಂದು ಕೈ ನೀಲಿ ಬಳಿಯಬೇಕು, ಬೋಳಿಸಿದ ಗಡ್ಡ ಕಾಣುವ ಹಾಗೆ. "ನೋಡ್ದೋನು ಮೊದ್ಲು ಆಸೆ ಪಡ್ಬೇಕು, ಆಮೇಲೆ ನಗ್ಬೇಕು" ಎಂದು ನನಗೆ ಕೆಲಸ ಕೊಡುತ್ತಿದ್ದ ಹಂಚಿಕೆದಾರರು ಹೇಳುತ್ತಿದ್ದರು. ಆ ನೀಲಿಯಲ್ಲಿ ನನ್ನ ಕೈ ಪಳಗಿತ್ತು. ಬೆಂಗಳೂರಿನಿಂದಲೂ ಕೇಳಿಕೊಂಡು ಬರುತ್ತಿದ್ದರು. ನನಗೆ ಹೆಮ್ಮೆಯಿತ್ತು.

ಹೋದ ವರ್ಷ ನಮ್ಮೂರಿನ ಟ್ರಾನ್ಸ್ ಹೆಂಗಸರ ಸಂಘದ ಕಲಾವತಿ ಎಂಬುವರು ನನ್ನನ್ನು ಹುಡುಕಿಕೊಂಡು ಬಂದರು. ಬ್ಯಾಂಕಾಕಿನಲ್ಲಿ ಒಂದು ಪ್ರದರ್ಶನವಂತೆ. ವಯಸ್ಕರ ಪತ್ರಿಕೆ, ಪೋಸ್ಟರು, ವಿಡಿಯೊಗಳಲ್ಲಿ ತಮ್ಮಂಥವರನ್ನು ದೇಶದೇಶಗಳವರು ಹೇಗೆ ತೋರಿಸುತ್ತಿದ್ದರು, ಈಗ ಹೇಗೆ ತೋರಿಸುತ್ತಾರೆ ಎಂದು ಗೋಡೆಗೆ ಹಾಕುತ್ತಾರಂತೆ. 'ಸಿದ್ದು ಆರ್ಟ್ಸ್' ಎಂದು ಸಹಿಯಿದ್ದ ಮೂರು ಪೋಸ್ಟರು ಅವರಿಗೆ ಸಿಕ್ಕಿದ್ದವು. ಬರೆದವರೇ ಬಂದು ಮಾತಾಡಿದರೆ ಚೆನ್ನ, ಟಿಕೆಟ್ಟು ಅವರದೇ ಎಂದರು. ವಿಮಾನ ಹತ್ತುವ ಆಸೆಗೆ ನಾನು ಮಾತು ಮುಗಿಯುವ ಮುಂಚೆಯೇ ತಲೆಯಾಡಿಸಿದೆ.

ಆಮೇಲೆ ಆಕೆ ಚೀಲದಿಂದ ನಾಲ್ಕನೆಯದೊಂದು ಪೋಸ್ಟರು ತೆಗೆದರು. ನಾಲ್ಕು ಮಡಿಕೆ ಮಾಡಿ ಪ್ಲಾಸ್ಟಿಕ್ಕಿನಲ್ಲಿಟ್ಟಿದ್ದ ಹಳೆಯ ಕಾಗದ.

"ಇದು ನಾನೇ ಕಣಣ್ಣ. ಮೂವತ್ತು ವರ್ಷದಿಂದೆ ಗೋಡೆಯಿಂದ ಕಿತ್ಕೊಂಡಿದ್ದು. ಇದಕ್ಕೆ ಸಹಿ ಇಲ್ಲ. ನಿಮ್ ಕಾಲ್ದೋರೇ ಯಾರೋ ಬರ್ದಿರ್ಬೇಕು. ಅಲ್ಲಿ ದೊಡ್ಡದಾಗಿ ಹಾಕ್ತಾರಂತೆ. ಚೆನ್ನಾಗಿ ನೋಡಿ, ಯಾರ್ ಕೈ ಅಂತ ಹೇಳ್ತೀರಾ?"

ಕಲಾವತಿಯವರ ಗುರುತು ನನಗೆ ಬಾಗಿಲಲ್ಲೇ ಸಿಕ್ಕಿತ್ತು. ಅವರಿಗೆ ನನ್ನ ಗುರುತಿರಲಿಲ್ಲ.

ಆ ಚಿತ್ರ ಬರೆದವನು ನಾನು. ಕೆಸರೆಯಲ್ಲಿ ನನ್ನ ಕೋಣೆಯ ಎದುರು ಮನೆಯಲ್ಲಿ ಅವರು ಬಾಡಿಗೆಗಿದ್ದರು, ಅಗರಬತ್ತಿ ಹೊಸೆಯುವ ಕೆಲಸಕ್ಕೆ ಹೋಗುತ್ತಿದ್ದರು. ಊರಿಗೆಲ್ಲ ಬೋರ್ಡು ಬರೆದ ನಾನು ನನ್ನ ಕೋಣೆಗೆ ಹಾಕಿರಲಿಲ್ಲ, ಹಾಗಾಗಿ 'ಸಿದ್ದು ಆರ್ಟ್ಸ್' ಎಂದರೆ ಎದುರಿಗಿದ್ದವನು ಎಂದು ಅವರಿಗೆ ತಿಳಿದಿರಲಿಲ್ಲ. ಮೊದಲ ಸಲ ಸೀರೆಯುಟ್ಟು ಸ್ಟುಡಿಯೊದಲ್ಲಿ ಫೋಟೋ ತೆಗೆಸಿಕೊಂಡರು. ಸ್ಟುಡಿಯೊದವನು ನನ್ನ ಗೆಳೆಯ, ಈಗಿಲ್ಲ. ಅವನ ಹತ್ತಿರ ಒಂದು ಪ್ರತಿ ಇಸಕೊಂಡು, ಮುಖವನ್ನು ಹಾಗೇ ಇಳಿಸಿ, ಮೈಯನ್ನು ನನಗೆ ಬೇಕಾದ ಹಾಗೆ ಬರೆದು, ಗಲ್ಲಕ್ಕೆ ನೀಲಿ ಬಳಿದೆ. ಅದೊಂದಕ್ಕೆ ಮಾತ್ರ ಸಹಿ ಹಾಕಲಿಲ್ಲ. ತಪ್ಪು ಎಂದು ಗೊತ್ತಿದ್ದರಿಂದಲೇ ಹಾಕಲಿಲ್ಲ. ಊರೆಲ್ಲ ಅಂಟಿಸಿದರು. ದುಡ್ಡಿಗೆ ಪೋಸು ಕೊಟ್ಟಿದ್ದಾಳೆ ಎಂದು ಬೀದಿಯವರು ಮಾತಾಡಿದರು. ಕೆಲಸ ಹೋಯಿತು, ಮನೆ ಬಿಡಿಸಿದರು. ಆಟೋಗೆ ಟ್ರಂಕು ಏರಿಸಿದಾಗ ನಾನು ಬಾಗಿಲಲ್ಲಿ ಬ್ರಷ್ ಹಿಡಿದುಕೊಂಡು ನೋಡುತ್ತಾ ನಿಂತಿದ್ದೆ. ಆಕೆ ಪೋಸು ಕೊಟ್ಟಿರಲಿಲ್ಲ ಎಂದು ಹೇಳಬಹುದಾಗಿದ್ದವನು ಸ್ಟುಡಿಯೊದವನು ಬಿಟ್ಟರೆ ನಾನೊಬ್ಬನೇ.

"ನೋಡ್ತೀನಿ ಕಣಮ್ಮ. ಕಣ್ಣು ಸ್ವಲ್ಪ ಮಂಜು" ಎಂದೆ.

ವಿಮಾನ ನಿಲ್ದಾಣ

ಮಗಳು ಕಟ್ಟಿಕೊಟ್ಟಿದ್ದ ಮಾವಿನಕಾಯಿ ಉಪ್ಪಿನಕಾಯಿ ಬೆಂಗಳೂರಿನಲ್ಲೇ ಹೋಯಿತು. ಕೈಚೀಲದಲ್ಲಿ ಬಿಡುವುದಿಲ್ಲ ಎಂದರು. ಅಲ್ಲೇ ಒಂದು ಹೋಳನ್ನಾದರೂ ಬಾಯಿಗೆ ಹಾಕಿಕೊಳ್ಳುತ್ತೇನೆ ಎಂದದ್ದಕ್ಕೆ ಹಿಂದಿನ ಸಾಲಿನವರೆಲ್ಲ ನಕ್ಕರು. ಹಾಕಿಕೊಂಡೇ ಮುಂದೆ ಹೋದೆ.

ಅಲ್ಲಿನ ಅಧಿಕಾರಿ ಕಲಾವತಿಯವರ ಪಾಸ್‌ಪೋರ್ಟನ್ನು ಎರಡು ಸಲ, ಮುಖವನ್ನು ಮೂರು ಸಲ ನೋಡಿದರು. ಬ್ಯಾಂಕಾಕಿನಲ್ಲಿ ಇಳಿದಾಗ ಅವರಿಗೆ ಒಂದು ಪ್ರಶ್ನೆಯೂ ಇಲ್ಲ, ನನ್ನನ್ನು ಹಿಡಿದು ನಿಲ್ಲಿಸಿದರು. ಬೆರಳಚ್ಚು ಕೊಡಬೇಕಿತ್ತು. ನಲವತ್ತು ವರ್ಷ ಥಿನ್ನರಿನಲ್ಲಿ ಕೈ ತೊಳೆದೂ ತೊಳೆದೂ ನನ್ನ ಬೆರಳಿನ ಗೆರೆಗಳು ಸವೆದುಹೋಗಿವೆ. ಯಂತ್ರ ಒಪ್ಪಲಿಲ್ಲ. ಕುಳಿತಿದ್ದ ಹುಡುಗಿ ನನ್ನ ಬೆರಳನ್ನು ಒದ್ದೆ ಬಟ್ಟೆಯಲ್ಲಿ ಒರೆಸಿದಳು, ತಾನೇ ಒತ್ತಿದಳು, ಕೊನೆಗೆ ಸಾಕಾಗಿ ನಗುತ್ತಾ ಬಿಟ್ಟಳು.

"ನೀವು ಕಳ್ತನ ಮಾಡುದ್ರೂ ಯಾರೂ ಹಿಡಿಯಕ್ಕಾಗಲ್ಲ ಬುಡಿ ಅಣ್ಣ" ಎಂದರು ಕಲಾವತಿ.

ನಾನೂ ನಕ್ಕೆ.

ಮೊದಲ ದಿನ, ಕಾಲುವೆ

ಸೆಖೆ ನಮ್ಮ ಏಪ್ರಿಲ್ಲಿನದೇ, ಒದ್ದೆ ಟವೆಲು ಹೊದ್ದ ಹಾಗೆ. ಪ್ರತಿ ಕಟ್ಟಡದ ಮುಂದೆಯೂ ಕಂಬದ ಮೇಲೊಂದು ಗೂಡಿನಷ್ಟು ಗುಡಿ. ಜಾಗವನ್ನು ಕಾಯುವ ದೇವರಂತೆ. ಅದಕ್ಕೆ ಹೂವಿನ ಹಾರದ ಜೊತೆಗೆ ಕೆಂಪು ಷರಬತ್ತಿನ ಬಾಟಲಿ ಇಡುತ್ತಾರೆ. ಮುಚ್ಚಳ ತೆಗೆದು, ಹೀರುವ ಕೊಳವೆಯನ್ನೂ ಹಾಕಿ ಇಡುತ್ತಾರೆ. ದೇವರಿಗೆ ತೊಂದರೆಯಾಗದಿರಲಿ ಎಂದು ಅಷ್ಟು ಯೋಚಿಸಿದ ಜನರನ್ನು ನಾನು ಬೇರೆಲ್ಲೂ ಕಂಡಿಲ್ಲ. ನಾವು ತೆಂಗಿನಕಾಯಿಯನ್ನಾದರೂ ಒಡೆದು ಕೊಡುತ್ತೇವೆ ಎಂದು ಸಮಾಧಾನ ಮಾಡಿಕೊಂಡೆ.

ಅಲ್ಲೂ ವಯಸ್ಸು ನೋಡಿ ನಂಟು ಕಟ್ಟಿ ಕರೆಯುತ್ತಾರೆ. ನಾನು ಎಲ್ಲರಿಗೂ 'ಲುಂಗ್' ಆದೆ, ಅಂದರೆ ದೊಡ್ಡಪ್ಪ. ಕಲಾವತಿ 'ಪಾ' ಆದರು, ದೊಡ್ಡಮ್ಮ. "ನಮ್ಮೂರಲ್ಲಿ ದೊಡ್ಡಮ್ಮ ಅನ್ನಿಸ್ಕೊಳಕ್ಕೆ ನಂಗೆ ಐವತ್ತು ವರ್ಷ ಬೇಕಾಯ್ತು. ಇಲ್ಲಿ ಐದು ನಿಮಿಷ" ಎಂದರು. ತರಕಾರಿ ಎಂದು ಕೊಟ್ಟ ಪಲ್ಯದಲ್ಲಿ ಮೀನಿನ ರಸ ಇತ್ತು ಎಂದು ನನಗೆ ಗೊತ್ತಾದದ್ದು ಎರಡನೇ ಸಲ ಬಡಿಸಿಕೊಂಡು ತಿಂದ ಮೇಲೆ. ನಾನು ಸೋಮವಾರ ಮೀನು ತಿನ್ನುವುದಿಲ್ಲ. ಅವತ್ತು ಸೋಮವಾರ. ಇವತ್ತು ಮಂಗಳವಾರ ಎಂದು ತಿಳಿದುಕೋ ಎಂದು ಮನಸ್ಸಿಗೆ ಹೇಳಿದೆ.

ಆ ಊರಿನಲ್ಲಿ ಕಾಲುವೆಯ ಮೇಲೆ ದೋಣಿಯೇ ಸಿಟಿ ಬಸ್ಸು. ಹಗ್ಗ ಹಿಡಿದು ಹಾರಿ ಹತ್ತಬೇಕು. ನಾನು ಅಂಚಿನಲ್ಲಿ ಕುಳಿತೆ, ಪಕ್ಕದಲ್ಲಿ ಕಲಾವತಿ. ಈಗಲೇ ಹೇಳಿಬಿಡೋಣ ಎಂದು ಬಾಯಿ ತೆರೆದೆ.

"ಕಲಾವತಮ್ಮ, ಆ ಬರ್ದೋನು ಸಿಕ್ಕುದ್ರೆ ಏನ್ ಮಾಡ್ತೀರಿ?"

"ಹೊಡಿಯಲ್ಲ. ಆ ವಯಸ್ಸು ಹೋಯ್ತು." ನೀರನ್ನು ನೋಡುತ್ತಾ ಹೇಳಿದರು. "ನಾನು ಪೋಸು ಕೊಟ್ಟಿರ್ಲಿಲ್ಲ ಅಂತ ಅವ್ನ ಬಾಯಲ್ಲಿ ಹೇಳುಸ್ಬೇಕು. ನಮ್ಮಮ್ಮ ಸಾಯೋಗಂಟ ನನ್ ಮಾತು ನಂಬ್ಲಿಲ್ಲ ಕಣಣ್ಣ. ಸೀರೆ ಉಟ್ಟಿದ್ದನ್ನ ಒಪ್ಕೊಂಡಿದ್ಲು. ಇದನ್ನ ಒಪ್ಕೊಳ್ಲಿಲ್ಲ."

"ಆ ಚಿತ್ರ..." ಎಂದೆ.

ಅಷ್ಟರಲ್ಲಿ ಎದುರಿನಿಂದ ಇನ್ನೊಂದು ದೋಣಿ ಬಂತು. ಅಂಚಿನಲ್ಲಿ ಕುಳಿತವರ ಕೈಗೆ ಒಂದು ಹಗ್ಗವಿರುತ್ತದೆ. ನೀರು ಎರಚಿದಾಗ ಅದನ್ನು ಎಳೆದರೆ ಪ್ಲಾಸ್ಟಿಕ್ಕಿನ ಪರದೆ ಮೇಲೇಳುತ್ತದೆ. ಆ ಊರಿನವರು ಮೊಬೈಲು ನೋಡುತ್ತಲೇ ಎಳೆಯುತ್ತಾರೆ. ನನಗೆ ಯಾರು ಹೇಳಿದ್ದರು? ಕಾಲುವೆಯ ಕಪ್ಪು ನೀರು ಕಲಾವತಿಯವರ ಹಸಿರು ಮೈಸೂರು ರೇಷ್ಮೆಯ ಮೇಲೆ ಬಿತ್ತು.

"ನಾಳೆ ಉಡನ ಅಂತಿದ್ದೆ, ಇವತ್ತೇ ಉಡಿ ಅಂದೋರು ನೀವೇ" ಎಂದು ಅವರು ಇಳಿಯುವ ತನಕ ಬೈದರು. ಹಿಂದೆ ಕುಳಿತಿದ್ದ ಅಜ್ಜಿ ಒಂದು ಕರವಸ್ತ್ರ ಕೊಟ್ಟು, ನನ್ನ ಕೈಯಿಂದ ಹಗ್ಗ ಕಿತ್ತುಕೊಂಡು ತಾನೇ ಹಿಡಿದುಕೊಂಡಳು. ನನ್ನ ಮಾತು ಕಾಲುವೆಯಲ್ಲೇ ಹೋಯಿತು.

ಎರಡನೇ ದಿನ, ನಾಲ್ಕು ಕೋಣೆಗಳು

ಪ್ರದರ್ಶನ ಒಂದು ಹಳೆಯ ಅಕ್ಕಿ ಗೋದಾಮಿನಲ್ಲಿತ್ತು. ಬಾಗಿಲಲ್ಲಿ ಚಪ್ಪಲಿ ಬಿಡಬೇಕು. ಬೆತ್ತಲೆ ಚಿತ್ರ ನೋಡಲು ಚಪ್ಪಲಿ ಬಿಟ್ಟು ಹೋದದ್ದು ನನಗೆ ಅದೇ ಮೊದಲು.

ನಮ್ಮನ್ನು ಸುತ್ತಾಡಿಸಿದವಳು ಪ್ಲೋಯ್ ಎಂಬ ಮೂವತ್ತರ ಟ್ರಾನ್ಸ್ ಹೆಂಗಸು. ವಯಸ್ಕರ ವಿಡಿಯೊಗಳಲ್ಲಿ ನಟಿಸುತ್ತಾಳೆ, ಈಗ ತಾನೇ ತೆಗೆಯುತ್ತಾಳೆ. ಹಾಗೆಂದು ಪರಿಚಯ ಮಾಡಿಕೊಳ್ಳುವಾಗ ಅವಳು ತಲೆ ತಗ್ಗಿಸಲಿಲ್ಲ, ನಾನು ತಗ್ಗಿಸಿದೆ. ಅವಳ ಇಂಗ್ಲಿಷನ್ನು ಕಲಾವತಿ ನನಗೆ ಕನ್ನಡದಲ್ಲಿ ಹೇಳುತ್ತಿದ್ದರು. ಹೊರದೇಶದಿಂದ ಸಂಘಕ್ಕೆ ಬಂದವರಿಗೆ ಅರ್ಥ ಹೇಳಿ ಹೇಳಿ ಅವರಿಗೆ ಇಂಗ್ಲಿಷ್ ನೀರು ಕುಡಿದಂತೆ.

ಮೊದಲ ಕೋಣೆ ನಗುವಿನದು. ಯಾವ ದೇಶದ್ದಾದರೂ ಒಂದೇ ಥರ: ದೊಡ್ಡ ಕೈ, ಒರಟು ಗಲ್ಲ, ಓಡಿಹೋಗುತ್ತಿರುವ ಗಂಡಸು. ಎರಡನೆಯದು ಗುಟ್ಟಿನ ಕೋಣೆ. ಹೆಂಗಸು ಯಾರೆಂಬುದನ್ನು ಕೊನೆಯ ತನಕ ಬಚ್ಚಿಟ್ಟು, ಆಮೇಲೆ ಬೆಚ್ಚಿಬೀಳಿಸುವ ಮುಖಪುಟಗಳು. ಮೂರನೆಯದರಲ್ಲಿ ಎಲ್ಲವೂ ಅತಿ. ಸೊಂಟ ಇರುವುದಕ್ಕಿಂತ ಸಣ್ಣ, ಚಪ್ಪಲಿಯ ಹಿಮ್ಮಡಿ ಗೇಣುದ್ದ, ರೆಪ್ಪೆ ಬೀಸಣಿಗೆಯಷ್ಟು.

"ಆಗ ನಾನು ಕೆಲಸಕ್ಕೆ ಸೇರಿದ್ದು ಲುಂಗ್" ಎಂದಳು ಪ್ಲೋಯ್. "ಹೆಂಗಸು ಅಂತ ಒಪ್ಪಿಕೊಳ್ಳಬೇಕಾದರೆ ಬೇರೆ ಹೆಂಗಸರಿಗಿಂತ ಎರಡರಷ್ಟು ಹೆಂಗಸಾಗಿರಬೇಕಿತ್ತು. ಸ್ನಾನದ ಮನೆಯ ದೃಶ್ಯದಲ್ಲೂ ಹೈ ಹೀಲ್ಡ್ ಚಪ್ಪಲಿ ಹಾಕಿಸುತ್ತಿದ್ದರು. ನಾನು ಜಾರಿ ಬಿದ್ದೆ."

ನಾಲ್ಕನೆಯ ಕೋಣೆಯಲ್ಲಿ ಅವಳದೇ ವಿಡಿಯೊ. ಗೋಡೆಯ ಮೇಲೆ ಅದರ ಮೊದಲ ಭಾಗ ಮಾತ್ರ ಓಡುತ್ತಿತ್ತು, ಉಳಿದದ್ದು ಪರದೆಯ ಆಚೆ. ಕೆಲಸದಿಂದ ಬಂದ ಹೆಂಗಸೊಬ್ಬಳು ಓಲೆ ಬಿಚ್ಚಿಡುತ್ತಾಳೆ, ಕಾಲು ಒತ್ತಿಕೊಳ್ಳುತ್ತಾಳೆ, ಮಂಚದ ಮೇಲಿದ್ದವನು ಏನೋ ಹೇಳಿದ್ದಕ್ಕೆ ಮೂಗು ಸೊಟ್ಟ ಮಾಡಿ ನಗುತ್ತಾಳೆ. ಸೊಂಟದ ಬಾಗು ಎಲ್ಲಿ ಎಂದು ನನ್ನ ಕಣ್ಣು ಹುಡುಕಿತು. ಅಭ್ಯಾಸ. ಅವಳು ಬಗ್ಗಿ ಕುಳಿತಿದ್ದಳು, ಹೊಟ್ಟೆಯಲ್ಲಿ ಒಂದು ಮಡಿಕೆಯಿತ್ತು. ನಲವತ್ತು ವರ್ಷ ಹೆಂಗಸರನ್ನು ಬರೆದೆ, ಒಂದು ಸಲವೂ ಹೊಟ್ಟೆಯ ಮಡಿಕೆ ಬರೆದಿರಲಿಲ್ಲ.

ಪರದೆಯ ಆಚೆ ನಾನು ಹೋಗಲಿಲ್ಲ. ಕಲಾವತಿ ಹೋಗಿ ಬಂದರು. "ಎಂಗಿತ್ತು?" ಎಂದೆ. "ನಿಮಗ್ಯಾಕೆ, ಸುಮ್ನಿರಿ" ಎಂದರು.

"ಈಗ ಎಲ್ಲ ಸರಿಹೋಗಿದೆಯಾ ಅಂತ ಕೇಳಿ" ಎಂದೆ.

ಪ್ಲೋಯ್ ಜೋರಾಗಿ ನಕ್ಕಳು. "ಎಲ್ಲಿ ಲುಂಗ್? ನಗುವವರು ಈಗಲೂ ನಗುತ್ತಾರೆ, ಮಾರುವವರು ಈಗಲೂ ಗುಟ್ಟು ಅಂತಲೇ ಮಾರುತ್ತಾರೆ. ಆದರೆ ಕ್ಯಾಮೆರಾ ಎಲ್ಲಿಡಬೇಕು ಅಂತ ನಾನು ಹೇಳುತ್ತೇನೆ. ಬೇಡ ಅಂದರೆ ಬೇಡ."

ಮೊದಲ ಕೋಣೆಗೆ ವಾಪಸು ಬಂದಾಗ ಅವಳು ನನ್ನ ಮೂರು ಪೋಸ್ಟರುಗಳ ಮುಂದೆ ನಿಂತಳು. ಆಮೇಲೆ ನಾಲ್ಕನೆಯದರ ಮುಂದೆ. ಆಳೆತ್ತರಕ್ಕೆ ದೊಡ್ಡದು ಮಾಡಿ ಹಾಕಿದ್ದರು. ಇಪ್ಪತ್ತನಾಲ್ಕು ವರ್ಷದ ಕಲಾವತಿ, ಮೊದಲ ಸೀರೆಯ ಸಂತೋಷ ಕಣ್ಣಿನಲ್ಲಿ ಹಾಗೇ ಇದೆ. ಅದನ್ನು ಚೆನ್ನಾಗಿಯೇ ಇಳಿಸಿದ್ದೆ. ಅದರ ಕೆಳಗೆ ಆ ನೀಲಿ.

"ನಾಲ್ಕರಲ್ಲೂ ನೀಲಿ ಒಂದೇ ಥರ ಇದೆ" ಎಂದಳು ಪ್ಲೋಯ್.

ಕಲಾವತಿ ನನ್ನ ಕಡೆ ತಿರುಗಿದರು. "ಹೌದಾ ಅಣ್ಣ?"

"ಆ ಕಾಲದಲ್ಲಿ ಎಲ್ಲಾರೂ ಅಂಗೇ ಬರೀತಿದ್ವಿ ಕಣಮ್ಮ" ಎಂದೆ.

ಮೂವತ್ತು ವರ್ಷದ ಸುಳ್ಳು ಸಾಲದೆ, ಚಪ್ಪಲಿ ಬಿಟ್ಟು ನಿಂತು ಇನ್ನೊಂದು ಹೇಳಿದೆ.

ಮೂರನೇ ದಿನ, ವೇದಿಕೆ

ಸುಮಾರು ನೂರು ಜನ ಸೇರಿದ್ದರು. ನಾನು ಕನ್ನಡದಲ್ಲಿ ಮಾತಾಡುವುದು, ಕಲಾವತಿ ಇಂಗ್ಲಿಷಿನಲ್ಲಿ ಹೇಳುವುದು ಎಂದು ಗೊತ್ತಾಗಿತ್ತು. ಶುರು ಚೆನ್ನಾಗಿಯೇ ಆಯಿತು. ಸೊಂಟ, ತುಟಿ, ಕೂದಲಿನ ಕ್ರಮ ಹೇಳಿದೆ, ಜನ ನಕ್ಕರು. ಹೆಂಡತಿಗೆ ದೇವರ ಕ್ಯಾಲೆಂಡರು ಎಂದು ಹೇಳಿದ್ದನ್ನು ಹೇಳಿದೆ, ಇನ್ನೂ ನಕ್ಕರು. ಪಕ್ಕದಲ್ಲಿ ನಿಂತು ನನ್ನ ಮಾತಿಗೆ ತಮ್ಮ ಉಪ್ಪುಖಾರವನ್ನೂ ಸೇರಿಸುತ್ತಿದ್ದ ಕಲಾವತಿಗೆ ಖುಷಿಯಾಗಿತ್ತು. ಆ ಖುಷಿಯ ಮುಖವನ್ನು ನಾನು ಮೊದಲೂ ನೋಡಿದ್ದೆ, ಫೋಟೋದಲ್ಲಿ.

"ನಾಲ್ಕನೇ ಚಿತ್ರಾನೂ ನಾನೇ ಬರ್ದಿದ್ದು" ಎಂದೆ. "ಈಯಮ್ಮ ಪೋಸು ಕೊಟ್ಟಿರ್ಲಿಲ್ಲ. ಸ್ಟುಡಿಯೊ ಫೋಟೋ ಇಸ್ಕೊಂಡು, ಹೇಳ್ದೆ ಕೇಳ್ದೆ ಬರ್ದುಬುಟ್ಟೆ. ಮನೆ ಬಿಡಿಸ್ದಾಗ ಎದುರು ಬಾಗ್ಲಲ್ಲೇ ನಿಂತಿದ್ದೆ. ಬಾಯಿ ಬಿಡ್ಲಿಲ್ಲ."

ಕಲಾವತಿ ಮೈಕನ್ನು ಬಾಯಿಂದ ಇಳಿಸಿದರು. ಸಭೆಯವರು ಅನುವಾದಕ್ಕೆ ಕಾಯುತ್ತಾ ಅವರ ಮುಖವನ್ನೇ ನೋಡುತ್ತಿದ್ದರು.

"ಇದನ್ನ ನಾನ್ ಹೇಳಲ್ಲ" ಎಂದರು ಮೆಲ್ಲಗೆ, ಕನ್ನಡದಲ್ಲಿ. "ನಿಮ್ ಬಾಯಲ್ಲೇ ಹೇಳಿ."

"ನಂಗೆ ಇಂಗ್ಲಿಷ್ ಬರಲ್ಲ ಕಣಮ್ಮ."

"ಪಾಸಾಗಿದೀನಿ ಅಂದ್ರಲ್ಲ ವಿಮಾನದಲ್ಲಿ. ಹೇಳಿ."

ಮೈಕು ನನ್ನ ಕೈಗೆ ಬಂತು. ನಾನು ಪೋಸ್ಟರಿನ ಕಡೆ ಬೆರಳು ತೋರಿಸಿ, ಆ ಬೆರಳನ್ನು ನನ್ನ ಎದೆಗೆ ತಿರುಗಿಸಿ ಹೇಳಿದೆ: "ದಿಸ್ ಪಿಕ್ಚರ್, ಐ ಮೇಡ್. ದಿಸ್ ಲೇಡಿ ನೋ ಮಿಸ್ಟೇಕ್. ಫೋಟೋ ಐ ಸ್ಟೋಲ್. ಶಿ ಲಾಸ್ಟ್ ಹೌಸ್, ಜಾಬ್, ಮದರ್. ಐ ಸಾ. ಥರ್ಟಿ ಇಯರ್ಸ್, ಮೌತ್ ಕ್ಲೋಸ್."

ಎಲ್ಲರಿಗೂ ಅರ್ಥವಾಯಿತು. ಹಿಂದಿನ ಸಾಲಿನಲ್ಲಿ ಯಾರೋ ಚಪ್ಪಾಳೆ ಶುರುಮಾಡಿದರು, ಮೆಲ್ಲಗೆ ಉಳಿದವರೂ ಸೇರಿದರು. ನನಗೆ, ಏನು ಹೇಳಲಿ, ಒಂದು ಕ್ಷಣ ಹಿತವಾಯಿತು. ಕಲಾವತಿ ಮೈಕು ಕಿತ್ತುಕೊಂಡು ಇಂಗ್ಲಿಷಿನಲ್ಲಿ ಏನೋ ಹೇಳಿದರು. ಚಪ್ಪಾಳೆ ನಿಂತಿತು. ಆಮೇಲೆ ಪ್ಲೋಯ್ ಬಿದ್ದು ಬಿದ್ದು ನಕ್ಕಳು. ಅವರು ಹೇಳಿದ್ದು ಇಷ್ಟಂತೆ: "ಚಪ್ಪಾಳೆ ನಮ್ಮೋರ ಆಸ್ತಿ. ತಪ್ಪು ಒಪ್ಕೊಂಡೋರಿಗೆಲ್ಲ ಸುಮ್ನೆ ಹಂಚಲ್ಲ."

ನಾಲ್ಕನೇ ದಿನ

ಬೆಳಗ್ಗೆ ಹೋಟೆಲಿನ ತಿಂಡಿಗೆ ಕಲಾವತಿ ಬೇರೆ ಮೇಜಿನಲ್ಲಿ ಕುಳಿತರು. ನಾನು ತಟ್ಟೆಗೆ ಏನನ್ನೋ ಹಾಕಿಕೊಳ್ಳಲು ಹೋದಾಗ ಅಲ್ಲಿಂದಲೇ "ಅದು ಹಂದಿ" ಎಂದರು. ಇನ್ನೊಂದಕ್ಕೆ ಕೈಹಾಕಿದೆ. "ಅದೂ" ಎಂದರು. ವಿಮಾನ ಹತ್ತುವ ತನಕ ನಮ್ಮ ನಡುವೆ ಆದ ಮಾತು ಅಷ್ಟೇ. ಬಾಳೆಹಣ್ಣು ತಿಂದುಕೊಂಡಿದ್ದೆ.

ವಿಮಾನದಲ್ಲಿ ಸೀಟು ಅಕ್ಕಪಕ್ಕ, ಬದಲಾಯಿಸುವ ಹಾಗಿರಲಿಲ್ಲ. ಅರ್ಧ ದಾರಿಯಲ್ಲಿ, ಕಿಟಕಿಯ ಕಡೆ ನೋಡುತ್ತಲೇ ಮಾತಾಡಿದರು.

"ಬ್ಯಾಂಕಾಕಲ್ಲಿ ಹೇಳದು ಸುಲಭ ಕಣಣ್ಣ. ನನ್ನನ್ನ ಓಡಿಸಿದ್ದು ಬ್ಯಾಂಕಾಕಿನೋರಲ್ಲ."

"ಎಲ್ಲಿ ಹೇಳ್ಲಿ ಹೇಳಿ."

"ಕೆಸರೇಲಿ."

ಕೆಸರೆ

ಬಂದ ನಾಲ್ಕನೇ ದಿನ ಇಬ್ಬರೂ ಹೋದೆವು. ನನ್ನ ಕೋಣೆ ಈಗ ಮೊಬೈಲು ರಿಪೇರಿ ಅಂಗಡಿ. ಎದುರು ಮನೆಯಲ್ಲಿ ಕಲಾವತಿಯವರಿಗೆ ಆಗ ಬಾಡಿಗೆ ಕೊಟ್ಟಿದ್ದ ಜಯಮ್ಮನವರು ಇನ್ನೂ ಇದ್ದಾರೆ, ಎಂಬತ್ತು ದಾಟಿದೆ. ಬಾಗಿಲಲ್ಲಿ ಕುಳಿತು ಅವರೆಕಾಯಿ ಸುಲಿಯುತ್ತಿದ್ದರು. ಸೊಸೆ, ಅಕ್ಕಪಕ್ಕದವರು ಇಬ್ಬರು ಮೂವರು ಅಲ್ಲೇ ಇದ್ದರು. ನಿಂತುಕೊಂಡೇ ಹೇಳಿದೆ. ನೂರು ಜನ ಹೊರದೇಶದವರ ಮುಂದೆ ಹೇಳಿದ್ದನ್ನೇ ಈ ನಾಲ್ಕೈದು ಜನಕ್ಕೆ ಹೇಳಲು ಎರಡು ಸಲ ಮೊದಲಿನಿಂದ ಶುರುಮಾಡಬೇಕಾಯಿತು.

ಜಯಮ್ಮ ಅವರೆಕಾಯಿಯ ಮೊರ ಪಕ್ಕಕ್ಕಿಟ್ಟು ಕಲಾವತಿಯವರನ್ನು ನೋಡಿದರು.

"ಅವತ್ತು ಕೇಳ್ದೆ ಕಣವ್ವ ನಿನ್ನ. ಮುಖ ನಂದು, ಪೋಸು ನಂದಲ್ಲ ಅಂದೆ. ಅದನ್ನ ಎಂಗೆ ನಂಬಾದು ಹೇಳು?" ಆಮೇಲೆ ನನ್ನ ಕಡೆ ತಿರುಗಿದರು. "ಎದುರುಗೇ ಇದ್ದಲ್ಲಪ್ಪ ನೀನು. ಬಾಯಿಗೇನಾಗಿತ್ತು?"

ಸೊಸೆ ಕೊಟ್ಟ ಕಾಫಿಯನ್ನು ಕಲಾವತಿ ಕುಡಿದರು, ನಾಲ್ಕು ಅವರೆಕಾಯಿ ಸುಲಿದುಕೊಟ್ಟರು, ಎದ್ದರು. ಬಸ್ ಸ್ಟಾಪಿಗೆ ನಡೆದೆವು.

"ಇನ್ನೊಬ್ರು ಉಳಿದವ್ರೆ" ಎಂದರು ಅಲ್ಲಿ ನಿಂತು. "ನಮ್ಮಣ್ಣ. ಊರಲ್ಲವ್ನೆ. ಅಮ್ಮನಿಗೆ ಆ ಪೋಸ್ಟರು ತಗೊಂಡೋಗಿ ತೋರ್ಸಿದ್ದೇ ಅವ್ನು. ನಾನೋದ್ರೆ ಬಾಗ್ಲು ಹಾಕ್ತಾನೆ. ಆದ್ರೆ ಪೇಪರ್ನೋರು ಅಚ್ಚು ಹಾಕಿದ್ದನ್ನೆಲ್ಲ ಒಂದಕ್ಷರ ಬಿಡ್ದೆ ಓದ್ತಾನೆ. ಫಾರಿನ್ ವಿಷಯ ಅಂದ್ರೆ ಇಷ್ಟ ಅವ್ನಿಗೆ. ನೀವು ಬ್ಯಾಂಕಾಕ್ ಬಗ್ಗೆ ಪೇಪರ್‌ಗೆ ಬರೀರಿ. ದೋಣಿ, ದೇವ್ರು, ಷರಬತ್ತು ಎಲ್ಲ ಹಾಕಿ. ಒಳಗೆ ಇದನ್ನೂ ಇಡಿ."

ಬರೆದಿದ್ದೇನೆ. ಕ್ಷಮಿಸಿದಿರಾ ಎಂದು ನಾನು ಕೇಳಿಲ್ಲ, ಅವರೂ ಹೇಳಿಲ್ಲ. ಬರೆದದ್ದನ್ನು ಒಂದು ಸಲ ಓದಿದರು. ಸೀರೆ ಹಸಿರಲ್ಲ, ಗಿಳಿ ಹಸಿರು ಎಂದರು, ಹಾಗೇ ಬಿಟ್ಟಿದ್ದೇನೆ. ಕೊನೆಯ ಸಾಲಿನಲ್ಲಿ ನಾನು 'ಕಲಾವತಿ' ಎಂದು ಬರೆದಿದ್ದ ಕಡೆ ಮಾತ್ರ ಪೆನ್ನು ಇಸಕೊಂಡು ಹೊಡೆದುಹಾಕಿ, ತಮ್ಮ ಕೈಯಿಂದಲೇ ಬೇರೆ ಪದ ಬರೆದರು. ಆ ಸಾಲು ಈಗ ಹೀಗಿದೆ:

ಅಣ್ಣನವರೇ, ಆ ಪೋಸ್ಟರಿಗೆ ನಿಮ್ಮ ತಂಗಿ ಪೋಸು ಕೊಟ್ಟಿರಲಿಲ್ಲ.